ಬಾಡಿಗೆ ಅಂಗಿಯ ತೋಳು

ಎಲ್ಲದಕ್ಕೂ ಮೂಲ ಒಂದು ತುಂಡು ಬಂಗುಡೆ ಮೀನು.

ಅದನ್ನು ತಿಂದವರು ಕುರುಸು ಮೇಷ್ಟ್ರಾಗಿದ್ದರೆ ಕತೆ ಅಲ್ಲಿಗೇ ಮುಗಿಯುತ್ತಿತ್ತು. ತಿಂದವರು ಹಿರಿಯ ಕವಿ ಒಗಾತಾ. ಯಾರದೋ ಮನೆಯ ಔತಣದಲ್ಲಿ ಹುಳಿಯನ್ನದ ಮೇಲೆ ಒತ್ತಿಟ್ಟ ಬಂಗುಡೆಯನ್ನು ಅವರು ಎರಡನೆಯ ಸಲವೂ ಬಡಿಸಿಕೊಂಡರು, ಮೂರನೆಯ ಸಲವೂ ಬಡಿಸಿಕೊಂಡರು, ಬೆಳಗಾಗುವ ಹೊತ್ತಿಗೆ ಹಾಸಿಗೆಗೂ ಪಾಯಿಖಾನೆಗೂ ನಡುವೆ ಎಲ್ಲೋ ಇದ್ದರು. ಮನುಷ್ಯ ಕವಿಯಾದ ಮಾತ್ರಕ್ಕೆ ಹೊಟ್ಟೆ ಕೇಳುತ್ತದೆಯೇ?

ಬೇರೆ ದಿನವಾಗಿದ್ದರೆ ಕ್ಯೋಟೊದಲ್ಲಿ ಯಾರೂ ಇದಕ್ಕೆ ತಲೆ ಕೆಡಿಸಿಕೊಳ್ಳುತ್ತಿರಲಿಲ್ಲ. ಆದರೆ ಅಂದು ಊರಿನ ದಕ್ಷಿಣದ ದೇವಾಲಯದ ತೋಟದಲ್ಲಿ ಹೊಳೆದಂಡೆಯ ಕವಿಗೋಷ್ಠಿ. ಸಾವಿರ ವರ್ಷದ ಹಿಂದಿನ ರಾಜಸಭೆಯವರ ಉಡುಗೆ ತೊಟ್ಟು ಕೆಲವರು ಸಣ್ಣ ತೊರೆಯ ದಂಡೆಯಲ್ಲಿ ಅಲ್ಲಲ್ಲಿ ಚಾಪೆ ಹಾಕಿ ಕೂರುತ್ತಾರೆ. ಮೇಲಿನಿಂದ ಒಂದೊಂದೇ ಬಟ್ಟಲು ಅಕ್ಕಿಮದ್ಯ ತುಂಬಿಕೊಂಡು ತೇಲಿ ಬರುತ್ತದೆ. ಬಟ್ಟಲು ತನ್ನೆದುರು ಬರುವಷ್ಟರಲ್ಲಿ ಕೊಟ್ಟ ವಿಷಯದ ಮೇಲೆ ಐದು ಸಾಲಿನ ಪದ್ಯವನ್ನು ಕುಂಚದಲ್ಲಿ ಬರೆದಿರಬೇಕು. ಬರೆದವನು ಕುಡಿಯುತ್ತಾನೆ. ಬರೆಯದವನು ಊರಿನ ಬಾಯಿಗೆ ಬೀಳುತ್ತಾನೆ.

ಹೀಗಾಗಿ ಬೆಳಗ್ಗೆ ಕುರುಸು ಮೇಷ್ಟ್ರು ಹಲ್ಲುಜ್ಜುವ ಮೊದಲೇ ಫೋನು ಬಂತು. ವಿಭಾಗದ ಮುಖ್ಯಸ್ಥರು, ಮಿಬು ಗುರುಗಳು.

"ಕುರುಸು, ಒಗಾತಾ ಮಲಗಿಬಿಟ್ರು. ಅವರ ಜಾಗದಲ್ಲಿ ನೀನು ಕೂತ್ಕೊ."

"ಗುರುಗಳೇ, ನನಗೆ ಪದ್ಯ ಬರೆಯೋಕೆ ಬರಲ್ಲ."

"ಇಪ್ಪತ್ತು ವರ್ಷದಿಂದ ಪದ್ಯ ಓದ್ತಿದೀಯಲ್ಲಪ್ಪ."

"ಓದೋಕೆ ಬರುತ್ತೆ."

"ಹಾಗಾದ್ರೆ ಮುಗೀತು. ಒಗಾತಾ ಅವರ ಉಡುಗೆ ನಿನ್ನ ಮನೆಗೇ ಕಳಿಸೋಕೆ ಹೇಳಿದೀನಿ. ನೋಡು, ಸಂಜೆ ನಿನಗೊಂದು ಮಾತು ಹೇಳೋದಿದೆ. ಇವತ್ತೊಂದು ದಿನ ವಿಭಾಗದ ಮಾನ ಉಳಿಸು."

ಫೋನು ಇಟ್ಟಮೇಲೂ ಮೇಷ್ಟ್ರು ಅದನ್ನೇ ನೋಡುತ್ತ ನಿಂತರು. ಸಂಜೆಯ ಮಾತು ಏನೆಂದು ಅವರಿಗೆ ಗೊತ್ತಿತ್ತು. ಹಳೆಯ ಸಾಹಿತ್ಯದ ವಿಭಾಗದಲ್ಲಿ ಒಂದು ಖಾಯಂ ಹುದ್ದೆ ಖಾಲಿ ಬಿದ್ದಿತ್ತು. ಅದರ ಮೇಲೆ ಇಬ್ಬರ ಕಣ್ಣು: ಒಂದು ಇವರದು, ಇನ್ನೊಂದು ಅದೇ ವಿಭಾಗದ ಹಟಾನಾಕಾನದು. ಇವರ ಗುತ್ತಿಗೆ ಮಾರ್ಚಿಗೆ ಮುಗಿಯುತ್ತಿತ್ತು. ಹುದ್ದೆ ಸಿಕ್ಕರೆ ಈ ಮನೆ ಬಿಟ್ಟು ಹೋಗಬಹುದು, ಸಿಗದಿದ್ದರೆ ಈ ಮನೆಯಲ್ಲೂ ಇರಲಾಗದು. ಮನೆ ಎಂದರೆ ಒಕುಮುರಾ ಅಜ್ಜಿಯ ಉಪ್ಪಿನಕಾಯಿ ಅಂಗಡಿಯ ಮಹಡಿ. ಅಲ್ಲಿ ಹಾಸಿಗೆ, ಪುಸ್ತಕ, ಮೇಷ್ಟ್ರ ಕನಸು, ಎಲ್ಲದಕ್ಕೂ ತವುಡಿನಲ್ಲಿ ಹೂತಿಟ್ಟ ಮೂಲಂಗಿಯ ವಾಸನೆ.

ಕನಸಿನ ಮಾತು ಸುಮ್ಮನೆ ಹೇಳಿದ್ದಲ್ಲ. ಕುರುಸು ಯಾಸುಹಿಕೊ ಎಂಬ ಈ ಮನುಷ್ಯ ಹಗಲಿನ ಮುಕ್ಕಾಲು ಭಾಗ ಸಾವಿರ ವರ್ಷ ಹಿಂದೆ ವಾಸವಾಗಿದ್ದವರು. ಅವರು ದೊಡ್ಡ ಪ್ರಬಂಧ ಬರೆದದ್ದು ಹಳೆಯ ಕಾವ್ಯದಲ್ಲಿ ಬರುವ ಅಂಗಿಯ ತೋಳುಗಳ ಮೇಲೆ. ಕಣ್ಣೀರಿಗೆ ಒದ್ದೆಯಾದ ತೋಳು, ನಲ್ಲನ ಗಂಧ ಉಳಿದ ತೋಳು, ಇಬ್ಬನಿ ಬಿದ್ದ ತೋಳು, ಸನ್ಯಾಸಿಗಳ ತೋಳಿಗಂತೂ ಒಂದು ಇಡೀ ಅಧ್ಯಾಯ. ಓಣಿಯವರು ಹಿಂದಿನಿಂದ ಅವರನ್ನು ತೋಳಿನ ಮೇಷ್ಟ್ರು ಎನ್ನುತ್ತಿದ್ದರು. ಬಸ್ಸಿನಲ್ಲಿ ಕೂತು ಒಂದು ಹಳೆಯ ಪದ್ಯ ನೆನಪಾಯಿತೆಂದರೆ ಇಳಿಯುವ ನಿಲ್ದಾಣ ಹಿಂದೆ ಉಳಿಯುತ್ತಿತ್ತು. ಆದರೆ ಸ್ವಂತಕ್ಕೆ ಒಂದು ಪದ್ಯ? ಊರಿನವರ ಮದುವೆಗೆಲ್ಲ ಮುಹೂರ್ತ ಇಟ್ಟ ಜೋಯಿಸ ತಾನು ಮದುವೆಯಾಗದೆ ಉಳಿದ ಹಾಗೆ ಅವರ ಪಾಡು.

ಹೆಂಡತಿ ಮಿಸಾವೊ ಕೆಳಗೆ ಅಜ್ಜಿಯ ಜೊತೆ ಮೂಲಂಗಿ ತೊಳೆಯುತ್ತಿದ್ದವಳು ಕೈ ಒರೆಸಿಕೊಳ್ಳುತ್ತ ಮೇಲೆ ಬಂದಳು. ಸುದ್ದಿ ಕೇಳಿ ಕೂತೇಬಿಟ್ಟಳು.

"ರೀ, ಪದ್ಯ ಹೇಗಿದ್ರೂ ಪರವಾಗಿಲ್ಲ. ಖಾಲಿ ಹಾಳೆ ಮಾತ್ರ ಕೊಡಬೇಡಿ."

"ಏನ್ ಬರೀಲಿ ಮಿಸಾವೊ?"

"ಕಣ್ಣಿಗೆ ಕಂಡದ್ದು ಬರೀರಿ. ನೀರು ಕಂಡ್ರೆ ನೀರು ಅಂತ ಬರೀರಿ."

ಹೆಂಡತಿಯ ಮಾತು ಕೇಳಬೇಕು ಎನ್ನುತ್ತಾರೆ. ಮೇಷ್ಟ್ರು ಅಂದು ಕೇಳಿದರು, ಅದೇ ಆದದ್ದು.

ಉಡುಗೆ ಬಂತು. ಒಗಾತಾ ಆನೆಯಂಥ ಆಳು, ಮೇಷ್ಟ್ರು ಊದುಬತ್ತಿಯ ಹಾಗೆ. ಬೆಳದಿಂಗಳ ಬಣ್ಣದ ನಿಲುವಂಗಿ ಇವರ ಮೇಲೆ ಬಿದ್ದಾಗ ಮನುಷ್ಯ ಒಳಗೆಲ್ಲೋ ಕಳೆದುಹೋದ. ತೋಳುಗಳು ಕೈ ದಾಟಿ, ಮೊಣಕಾಲು ದಾಟಿ, ನೆಲ ಗುಡಿಸಿದವು. ತಂದುಕೊಟ್ಟ ಬಾಡಿಗೆ ಅಂಗಡಿಯ ಯಜಮಾನ ಎರಡೂ ತೋಳುಗಳನ್ನು ಕೂಸಿನ ಹಾಗೆ ಎತ್ತಿ ತೋರಿಸಿ ಹೇಳಿದ.

"ಮೇಷ್ಟ್ರೇ, ಇದು ಕೈಮಗ್ಗದ ರೇಷ್ಮೆ. ನಾನೂ ಅಲ್ಲೇ ಮುಂದಿನ ಸಾಲಲ್ಲಿ ಕೂತಿರ್ತೀನಿ. ನಾಳೆ ಬೆಳಗ್ಗೆ ಹೀಗೇ ವಾಪಸ್ ಬರಬೇಕು. ಒಂದು ಚುಕ್ಕೆ ಬಿದ್ರೂ ನಾನು ತಗೊಳಲ್ಲ."

ಅಷ್ಟರಲ್ಲಿ ಓಣಿ ಮೆಟ್ಟಿಲು ಹತ್ತಿತು. ಮೊದಲು ಎದುರು ಮನೆಯ ಕ್ಷೌರದ ನಿಶಿಗಾಕಿ. ಗಿರಾಕಿಗಳ ತಲೆ ನೋಡಿ ಚುಟುಕ ಕಟ್ಟುವುದು ಅವನ ಚಟ. ಮೇಷ್ಟ್ರ ದಟ್ಟ ಕೆದರುಗೂದಲಿನ ಮೇಲೆ ಕರಿಯ ಎತ್ತರದ ಟೊಪ್ಪಿಗೆ ನಿಲ್ಲದೆ ಜಾರುವುದನ್ನು ಅವನು ಆಸೆಯಿಂದ ನೋಡಿದ.

"ಮೇಷ್ಟ್ರೇ, ಕಾಲು ಗಂಟೆ ಕೊಡಿ. ಆ ಕಾಡನ್ನ ಸ್ವಲ್ಪ ಕಡಿದುಬಿಡ್ತೀನಿ."

"ಈಗ ಹೊತ್ತಿಲ್ಲ ನಿಶಿಗಾಕಿ."

"ಎಷ್ಟು ವರ್ಷದಿಂದ ಇದೇ ಮಾತು. ಇರಲಿ ಬಿಡಿ, ಆ ತಲೆ ಒಂದಿನ ನನ್ನ ಕೈಗೆ ಸಿಕ್ಕೇ ಸಿಗುತ್ತೆ." ಹಾಗೆಂದು ಮಡಚಿದ ಒಂದು ಚೀಟಿಯನ್ನು ಮೇಷ್ಟ್ರ ಬಲತೋಳಿನೊಳಗೆ ತುರುಕಿದ. "ನನ್ನದೊಂದು ಪದ್ಯ. ಕಷ್ಟಕಾಲಕ್ಕೆ ಇರಲಿ. ನಿಮ್ಮ ಹೆಸರಲ್ಲೇ ಓದಿಸಿ, ನನಗೇನೂ ಬೇಜಾರಿಲ್ಲ. ನಾನೂ ಬರ್ತೀನಿ ಕೇಳೋಕೆ."

ಅವನ ಹಿಂದೆಯೇ ಒಕುಮುರಾ ಅಜ್ಜಿ. ಅಜ್ಜಿಯೂ ಒಂದು ಪದ್ಯ ತಂದಿದ್ದಳು, ಮೂಲಂಗಿಯ ಮೇಲೆ. ಜೊತೆಗೆ ಬಿದಿರೆಲೆಯಲ್ಲಿ ಕಟ್ಟಿದ ಒಂದು ಪೊಟ್ಟಣ.

"ಉಪ್ಪಿನಕಾಯಿ ಕಣಪ್ಪ. ಮಧ್ಯಾಹ್ನಕ್ಕೆ ಬೇಕಾಗುತ್ತೆ. ಇಷ್ಟು ದೊಡ್ಡ ತೋಳು ಕೊಟ್ಟಿರೋದು ಮತ್ಯಾಕೆ?" ಎಂದು ಅದನ್ನೂ ಬಲತೋಳಿಗೇ ಇಳಿಬಿಟ್ಟಳು.

ಆ ಉಡುಗೆಯಲ್ಲಿ ಬಸ್ಸು ಹತ್ತಿದ ಪ್ರಸಂಗ ಬೇಡ. ಬಾಗಿಲಿಗೆ ಎಡತೋಳು ಸಿಕ್ಕಿ ಎರಡು ನಿಲ್ದಾಣ ಹೊರಗೇ ಹಾರಾಡಿತು, ಅಷ್ಟು ಸಾಕು.

ತೋಟಕ್ಕೆ ಕಾಲಿಟ್ಟದ್ದೇ ಮೇಷ್ಟ್ರಿಗೆ ಬಂದ ಕೆಲಸ ಮರೆತುಹೋಯಿತು. ಶರತ್ಕಾಲದ ಬಿಸಿಲು ಪಾಚಿಯ ಮೇಲೆ ಜೇನಿನ ಹಾಗೆ ಸುರಿದಿತ್ತು. ತಂತಿವಾದ್ಯವೊಂದು ಎಲ್ಲೋ ಮರಗಳ ಹಿಂದೆ ಒಂದು ಸ್ವರ ನುಡಿದು, ಯೋಚಿಸಿ, ಇನ್ನೊಂದು ಸ್ವರ ನುಡಿಯುತ್ತಿತ್ತು. ಕೆಂಪೆಲೆಯೊಂದು ಬೀಳಲೋ ಬೇಡವೋ ಎಂದು ಗಾಳಿಯಲ್ಲೇ ನಿಂತು ಕೊನೆಗೆ ನೀರಿಗೆ ಬಿತ್ತು. ತೊರೆ ಅದನ್ನು ಎತ್ತಿಕೊಂಡು ಹೊರಟಿತು. ಇದೇ ತೊರೆಯನ್ನು ಮೇಷ್ಟ್ರು ಪುಸ್ತಕದಲ್ಲಿ ಎಷ್ಟು ಸಲ ದಾಟಿದ್ದರೋ. ಇಂದು ಅದು ನಿಜವಾಗಿ ಸದ್ದು ಮಾಡುತ್ತಿತ್ತು. ಅವರ ಕಣ್ಣು ತುಂಬಿಬಂತು.

ಅವರ ಚಾಪೆ ಎಲ್ಲರಿಗಿಂತ ಕೆಳಗೆ, ತೊರೆ ಬಾಗುವಲ್ಲಿ. ಪಕ್ಕದ ಚಾಪೆಯಲ್ಲಿ ಹಟಾನಾಕಾ. ಅವನ ಉಡುಗೆ ಅವನಿಗಾಗಿಯೇ ಹೊಲಿದಂತಿತ್ತು. ಎದುರು ದಂಡೆಯಲ್ಲಿ ಮಿಬು ಗುರುಗಳು, ಅವರ ಮಗ್ಗುಲಲ್ಲಿ ಗುಡ್ಡದ ಮಠದ ಗೆಂಕು ಸ್ವಾಮಿಗಳು. ಅವರ ಹಿಂದೆ ನೋಡುಗರ ಮುಂದಿನ ಸಾಲಿನಲ್ಲೇ ಬಾಡಿಗೆ ಅಂಗಡಿಯ ಯಜಮಾನ. ಕೋಳಿಮರಿಗಳನ್ನು ಎಣಿಸುವ ಹೇಂಟೆಯ ಹಾಗೆ ಅವನು ತನ್ನ ಉಡುಗೆಗಳನ್ನು ಒಂದೊಂದಾಗಿ ನೋಡುತ್ತಿದ್ದ.

"ಏನ್ರೀ ಕುರುಸು, ಪದ್ಯ ಸಿದ್ಧವಾಯ್ತಾ?" ಹಟಾನಾಕಾ ಪಿಸುಗುಟ್ಟಿದ.

"ಇಲ್ಲಪ್ಪ. ನಿಮ್ಮದು?"

"ನನ್ನದು ಹೋದ ವಾರವೇ ಆಗಿದೆ. ವಿಷಯ ಯಾವುದು ಕೊಟ್ರೂ ಒಂದು ಪದ ಬದಲಾಯಿಸಿದ್ರೆ ಸಾಕು."

ವಿಷಯ ಕೊಟ್ಟರು: ಶರತ್ಕಾಲದ ನೀರು. ಮೇಲೆ ದೂರದಲ್ಲಿ ಮೊದಲ ಬಟ್ಟಲು ನೀರಿಗಿಳಿಯಿತು.

ಮೇಷ್ಟ್ರು ಕುಂಚ ಎತ್ತಿದರು. ಇಳಿಸಿದರು. ನೀರಿನ ಬಗ್ಗೆ ಅವರಿಗೆ ನೂರಾರು ಪದ್ಯ ಬರುತ್ತಿತ್ತು, ಎಲ್ಲವೂ ಬೇರೆಯವರವು. ಕಷ್ಟಕಾಲ ಬಂದೇ ಬಂತೆಂದು ಬಲತೋಳಿನೊಳಗೆ ಕೈ ಹಾಕಿದರು. ಕೈಗೆ ಸಿಕ್ಕಿದ್ದು ಮುದ್ದೆ. ಉಪ್ಪಿನಕಾಯಿಯ ನೀರು ಸೋರಿ ಕ್ಷೌರದವನ ಪದ್ಯವೂ ಅಜ್ಜಿಯ ಪದ್ಯವೂ ಕಲಸಿಹೋಗಿದ್ದವು. ಅದರಲ್ಲಿ ಓದಲಾಗುತ್ತಿದ್ದದ್ದು "ಬೋಳು" ಎಂಬ ಒಂದೇ ಪದ. ಅದು ತಲೆಯದೋ ಮೂಲಂಗಿಯದೋ ಹೇಳುವಂತಿರಲಿಲ್ಲ.

ಮುದ್ದೆಯನ್ನು ತೋಳಿನಾಳಕ್ಕೇ ಬಿಟ್ಟು ಮೇಷ್ಟ್ರು ನೀರನ್ನು ನೋಡುತ್ತ ಕೂತರು. ಗೋಷ್ಠಿ ಶುರುವಾಗುವ ಮುಂಚೆ ಕೊಟ್ಟ ಬಿಸಿ ಮದ್ಯ ಒಳಗೆ ಮೆಲ್ಲಗೆ ಹರಡುತ್ತಿತ್ತು. ನೀರು ಹರಿಯಿತು, ಬಿಸಿಲು ಹರಿಯಿತು, ತಂತಿಯ ಸ್ವರ ಹರಿಯಿತು. ಎಲ್ಲ ಒಂದೇ ಕಡೆ ಹರಿದವು. ಮೇಷ್ಟ್ರೂ ಅವುಗಳ ಜೊತೆಗೇ ಹೋದರು.

ಅಲ್ಲಿ ಬೆಳದಿಂಗಳಿತ್ತು. ತೊರೆ ಅದೇ, ಆದರೆ ಸಾವಿರ ವರ್ಷ ಎಳೆಯದು. ದಂಡೆಯ ಮೇಲೊಂದು ಮರದ ಮನೆ, ಅದಕ್ಕೆ ಇಳಿಬಿಟ್ಟ ಬಿದಿರು ಪರದೆ. ಪರದೆಯ ಕೆಳಗಿನಿಂದ ಒಬ್ಬ ಹೆಂಗಸಿನ ತೋಳಿನ ಅಂಚುಗಳು ಮಾತ್ರ ಕಾಣುತ್ತಿದ್ದವು, ಒಂದರ ಮೇಲೊಂದು, ಕೆಂಪು, ಕಿತ್ತಳೆ, ಹಣ್ಣೆಲೆಯ ಹಳದಿ.

"ಮೇಷ್ಟ್ರೇ," ಅಂದಿತು ಪರದೆಯ ಹಿಂದಿನ ದನಿ, "ನಮ್ಮ ತೋಳುಗಳ ಮೇಲೆ ಅಷ್ಟು ದಪ್ಪ ಪುಸ್ತಕ ಬರೆದಿರಿ. ಯಾರದಾದರೂ ತೋಳು ಒಂದು ದಿನವಾದರೂ ಹಿಡಿದು ಕೂತಿದ್ದೀರಾ?"

ಮೇಷ್ಟ್ರು ಕೈ ಚಾಚಿದರು. ಪರದೆಯಡಿಯಿಂದ ಬಂದ ಕೈ ತಣ್ಣಗಿತ್ತು, ಒದ್ದೆಯಾಗಿತ್ತು, ಸಣ್ಣಗೆ ಮೂಲಂಗಿಯ ವಾಸನೆ ಹೊಡೆಯುತ್ತಿತ್ತು. ಆಗ ಅವರ ಬಾಯಿಂದ ಪದ್ಯ ತಾನಾಗಿ ಬಂತು. ಹುಡುಕದೆ, ತಿದ್ದದೆ, ಐದು ಸಾಲು, ಹಣ್ಣು ತೊಟ್ಟು ಕಳಚಿದ ಹಾಗೆ. ಅಂಥ ಪದ್ಯ ಅವರು ಯಾವ ಪುಸ್ತಕದಲ್ಲೂ ಓದಿರಲಿಲ್ಲ. ಪರದೆಯ ಹಿಂದೆ ಯಾರೋ ಮೆಲ್ಲಗೆ ಅತ್ತರು.

"ಕುರುಸು, ಬಟ್ಟಲು."

ಹಟಾನಾಕಾನ ದನಿ. ಮೇಷ್ಟ್ರು ಬೆಚ್ಚಿ ಕಣ್ಣು ಬಿಟ್ಟರು. ಬಿಸಿಲು, ಜನ, ಮೂರು ಮಾರು ದೂರದಲ್ಲಿ ತಮ್ಮತ್ತಲೇ ತೂಗುತ್ತ ಬರುತ್ತಿರುವ ಕೆಂಪು ಬಟ್ಟಲು. ಪದ್ಯ? ಪೂರ್ತಿ ಹೋಗಿತ್ತು. ಒಂದು ಅಕ್ಷರವೂ ಉಳಿದಿರಲಿಲ್ಲ. ತೋಳು ಎಂಬ ಒಂದು ಪದ ಮಾತ್ರ ಕಿವಿಯಲ್ಲಿತ್ತು. ತೋಳು. ಅವರು ತಮ್ಮ ತೋಳಿನ ಕಡೆ ನೋಡಿಕೊಂಡರು.

ಚಾಚಿದ ಕೈ ಪರದೆಯ ಕಡೆ ಹೋಗಿರಲಿಲ್ಲ. ಮಸಿ ತೇಯುವ ಕಲ್ಲಿನ ಮೇಲೆ ಹೋಗಿತ್ತು. ಕೈಮಗ್ಗದ ರೇಷ್ಮೆಯ ಎಡತೋಳು ಮಸಿಯ ಕುಳಿಯಲ್ಲಿ ಮೈಮರೆತು ಮಲಗಿ, ಮೊಳದಷ್ಟು ಎತ್ತರಕ್ಕೆ ಮಸಿ ಹೀರಿಕೊಂಡಿತ್ತು.

ಮೇಷ್ಟ್ರ ಜೀವ ಬಾಯಿಗೆ ಬಂತು. ಎದುರಿಗೇ ಯಜಮಾನ ಕೂತಿದ್ದಾನೆ. ಅವರು ತೋಳನ್ನು ಸರಕ್ಕನೆ ಎಳೆದು ತೊಡೆಯ ಕೆಳಗೆ ಹಾಕಿ ಅದರ ಮೇಲೇ ಕೂತರು. ಹಟಾನಾಕಾ ಒಬ್ಬನೇ ಅದನ್ನು ನೋಡಿದ. ನೋಡಿ ನೀರಿನ ಕಡೆ ತಿರುಗಿದ.

ಬಟ್ಟಲು ಒಂದು ಮಾರು ದೂರದಲ್ಲಿತ್ತು. ಖಾಲಿ ಹಾಳೆ ಮಾತ್ರ ಕೊಡಬೇಡಿ. ಕಣ್ಣಿಗೆ ಕಂಡದ್ದು ಬರೀರಿ. ಮೇಷ್ಟ್ರ ಕಣ್ಣಿಗೆ ಇನ್ನೇನು ಕಾಣುತ್ತದೆ, ಪಾಪ. ಕಂಡದ್ದನ್ನೇ ಗೀಚಿದರು, ಬಟ್ಟಲು ದಡಕ್ಕೆ ತಾಗುವುದಕ್ಕೂ ಕೊನೆಯ ಅಕ್ಷರ ಮುಗಿಯುವುದಕ್ಕೂ ಸರಿಹೋಯಿತು. ಒಂದೇ ಗುಟುಕಿಗೆ ಕುಡಿದು ಬಟ್ಟಲು ಕೆಳಗಿಟ್ಟರು. ಖಾಲಿ ಹಾಳೆ ಕೊಡಲಿಲ್ಲ ಎಂಬ ಒಂದೇ ಸಮಾಧಾನ.

ಪದ್ಯಗಳನ್ನು ಒಟ್ಟುಮಾಡಿ ಹಾಡುವವರ ಕೈಗೆ ಕೊಟ್ಟರು. ಹಾಡುವುದೆಂದರೆ ಒಂದೊಂದು ಅಕ್ಷರವನ್ನೂ ದಾರದ ಹಾಗೆ ಎಳೆಯುವುದು. ಹಟಾನಾಕಾನ ಪದ್ಯಕ್ಕೆ ಜನ ಮರ್ಯಾದೆಗೆ ತಲೆ ತೂಗಿದರು. ಕೊನೆಯದಾಗಿ ಕುರುಸು ಮೇಷ್ಟ್ರದು ಬಂತು.

"ಮಸಿಯಲ್ಲದ್ದಿದ
ತೋಳಿದು, ಇನ್ನೆಂದಿಗೂ
ಮರಳದಲ್ಲ;
ಹರಿವ ನೀರೇ, ಹೇಳು,
ಮನೆಗೆ ಹೇಗೆ ಹೋಗಲಿ?"

ಮೇಷ್ಟ್ರು ಬರೆದದ್ದು ಬಾಡಿಗೆ ಅಂಗಡಿಗೆ ಮರಳದ ತೋಳು. ಮಿಸಾವೊಗೆ ಏನು ಹೇಳಲಿ ಎಂಬ ಮನೆ. ಆದರೆ ಹಾಡುಗಾರನ ಗಂಟಲಿನಿಂದ ಆ ಸಾಲುಗಳು ಒಂದೊಂದೇ ಮೇಲೆದ್ದು ಮರಗಳ ಮೇಲೆ ತೇಲುವಾಗ ಜನ ತಲೆ ತೂಗುವುದನ್ನೂ ಮರೆತರು. ತಂತಿವಾದ್ಯದವಳು ನುಡಿಸುವುದನ್ನು ಬಿಟ್ಟಳು. ಗೆಂಕು ಸ್ವಾಮಿಗಳು ಕಣ್ಣೊರೆಸಿಕೊಂಡರು.

ಆಗ ಮೇಷ್ಟ್ರಿಗೆ ತಾವು ಬರೆದದ್ದೇನೆಂದು ಹೊಳೆಯಿತು. ಹಳೆಯ ಕಾವ್ಯದಲ್ಲಿ ಮಸಿಯ ಬಣ್ಣದ ತೋಳು ಎಂದರೆ ಮಸಿ ತಾಗಿದ ತೋಳಲ್ಲ. ಸಾವಿರ ವರ್ಷದಲ್ಲಿ ಒಬ್ಬ ಕವಿಯೂ ಆ ಅರ್ಥದಲ್ಲಿ ಬರೆದಿಲ್ಲ. ಅದು ಸನ್ಯಾಸಿಯ ಕಪ್ಪು ವಸ್ತ್ರ. ತೋಳು ಮಸಿಯಾಯಿತು ಎಂದರೆ ಮನೆಮಠ ಬಿಟ್ಟೆ, ತಲೆ ಬೋಳಿಸಿಕೊಳ್ಳುತ್ತೇನೆ ಎಂದರ್ಥ. ಮೊದಲ ವರ್ಷದ ವಿದ್ಯಾರ್ಥಿಗೂ ಗೊತ್ತು. ಅವರಿಗೆ ಅದನ್ನು ಕಲಿಸುವವರೇ ಕುರುಸು ಮೇಷ್ಟ್ರು.

ಮಿಬು ಗುರುಗಳು ಪುಟ್ಟ ಸೇತುವೆ ದಾಟಿ ನೇರ ಅವರ ಚಾಪೆಗೆ ಬಂದರು. ಮುಖ ಕೆಂಪಗಾಗಿತ್ತು.

"ಕುರುಸು, ನನಗೆ ಒಂದು ಮಾತು ಮುಂಚೆ ಹೇಳಬಾರದಿತ್ತಾ?"

"ಗುರುಗಳೇ, ಅದು ಹಾಗಲ್ಲ. ಅದು ಬರೀ ಮಸಿ."

"ಬರೀ ಮಸಿ," ಎಂದರು ಗುರುಗಳು. "ಎಂಥ ಮಾತು ಹೇಳಿದೆ. ನಾವು ಬರೆದದ್ದು, ಓದಿದ್ದು, ಎಲ್ಲ ಕೊನೆಗೆ ಬರೀ ಮಸಿಯೇ."

"ಅಯ್ಯೋ, ಇದು ಬಾಡಿಗೆ ಬಟ್ಟೆ ಗುರುಗಳೇ. ಚುಕ್ಕೆ ಬೀಳದ ಹಾಗೆ ವಾಪಸ್ ಕೊಡಬೇಕಿತ್ತು."

ಹಿಂದೆಯೇ ಬಂದಿದ್ದ ಸ್ವಾಮಿಗಳು ಕೈ ಮುಗಿದರು. "ಬಾಡಿಗೆ ಬಟ್ಟೆ. ಈ ದೇಹ ಬಾಡಿಗೆ ಬಟ್ಟೆಯಲ್ಲದೆ ಮತ್ತೇನಪ್ಪ? ಚುಕ್ಕೆ ಬೀಳದ ಹಾಗೆ ವಾಪಸ್ ಕೊಡೋರು ಎಷ್ಟು ಜನ ಇದ್ದಾರೆ? ನಲವತ್ತು ವರ್ಷ ಉಪದೇಶ ಮಾಡಿದೀನಿ, ಇಷ್ಟು ಸರಳವಾಗಿ ನನಗೂ ಹೇಳೋಕಾಗ್ಲಿಲ್ಲ. ನಮ್ಮ ಮಠದ ಬಾಗಿಲು ನಾಳೆ ಬೆಳಗ್ಗೆಯೇ ತೆರೆದಿರುತ್ತೆ."

ಮೇಷ್ಟ್ರು ಕೈ ಮೇಲೆತ್ತಲು ನೋಡಿದರು. ಹಟಾನಾಕಾ ಪ್ರೀತಿಯಿಂದ ಆ ಕೈಯನ್ನು ಅದುಮಿ ಹಿಡಿದ.

"ಗುರುಗಳೇ, ಇವರು ಸಂಕೋಚದಿಂದ ಹಾಗೆ ಹೇಳ್ತಿದಾರೆ. ಆ ಪದದ ಅರ್ಥ ಗೊತ್ತಿಲ್ದೆ ಬರೆಯೋಕೆ ಇವರೇನು ಎಳೆ ಹುಡುಗರಾ? ತೋಳಿನ ಮೇಲೆ ಪ್ರಬಂಧ ಬರೆದವರು. ನಿಜವಾಗ್ಲೂ ಮಸಿ ಚೆಲ್ಲಿಕೊಂಡು ಯಾರಾದ್ರೂ ಹಾಗೆ ಬರೆದ್ರೆ ಅಂಥವನನ್ನ ನಮ್ಮ ವಿಭಾಗಕ್ಕೆ ಸೇರಿಸ್ತೀರಾ ನೀವು?"

"ಬಾಗಿಲಲ್ಲಿ ನಿಲ್ಲೋಕೂ ಬಿಡಲ್ಲ," ಎಂದರು ಗುರುಗಳು.

ಮೇಷ್ಟ್ರಿಗೆ ಬಿಸಿ ತುಪ್ಪ ಬಾಯಿಗೆ ಬಿದ್ದಂತಾಯಿತು. ನಿಜ ಹೇಳಿದರೆ ಹುದ್ದೆಗೆ ನಾಲಾಯಕ್ಕು, ಹೇಳದಿದ್ದರೆ ಸನ್ಯಾಸಿ. ಎದುರು ದಂಡೆಯಲ್ಲಿ ಯಜಮಾನ ಕತ್ತು ಉದ್ದ ಮಾಡಿ ಇವರ ಎಡತೋಳು ಎಲ್ಲಿ ಎಂದು ಹುಡುಕುತ್ತಿದ್ದ. ಮೇಷ್ಟ್ರು ಅದರ ಮೇಲೆ ಇನ್ನಷ್ಟು ಭದ್ರವಾಗಿ ಕೂತರು.

ಗುರುಗಳು ಅವರ ಭುಜ ತಟ್ಟಿದರು. "ಸಂಜೆ ಹೇಳೋಣ ಅಂತಿದ್ದೆ, ಈಗಲೇ ಹೇಳಿಬಿಡ್ತೀನಿ, ನಿನಗಿನ್ನು ಅದರ ಹಂಗಿಲ್ಲ. ಹುದ್ದೆ ನಿನಗೇ ಅಂತ ಹೋದ ತಿಂಗಳೇ ತೀರ್ಮಾನವಾಗಿತ್ತು. ನೀನು ಎಂಥ ಕುಂಟು ಪದ್ಯ ಬರೆದಿದ್ರೂ ನಿನಗೇ ಆಗ್ತಿತ್ತು." ನಿಟ್ಟುಸಿರು ಬಿಟ್ಟು ಪಕ್ಕಕ್ಕೆ ತಿರುಗಿದರು. "ಹಟಾನಾಕಾ, ಇನ್ನು ನೀನೇ ನೋಡ್ಕೊಬೇಕಪ್ಪ."

ಹಟಾನಾಕಾ ತಲೆ ತಗ್ಗಿಸಿ ಬಾಗಿದ. ಬಾಗಿದವನು ಬಹಳ ಹೊತ್ತು ಮೇಲೇಳಲಿಲ್ಲ. ಅವನ ಭುಜಗಳು ಕುಲುಕುತ್ತಿದ್ದವು, ಎಲ್ಲರೂ ಅಳುತ್ತಿದ್ದಾನೆ ಎಂದುಕೊಂಡರು.

ಮನೆಗೆ ಹೇಗೆ ಹೋಗಲಿ ಎಂದು ನೀರನ್ನು ಕೇಳಿದ ಮೇಷ್ಟ್ರು ಬಸ್ಸಿನಲ್ಲೇ ಹೋದರು. ಆದರೆ ಅವರಿಗಿಂತ ಮೊದಲು ಕ್ಷೌರದ ನಿಶಿಗಾಕಿ ಸೈಕಲ್ಲಿನಲ್ಲಿ ಓಣಿ ಮುಟ್ಟಿದ್ದ. ತನ್ನ ಪದ್ಯ ಓದಲಿಲ್ಲ ಎಂಬ ಸಿಟ್ಟು ಅವನಿಗೆ ದಾರಿಯಲ್ಲೇ ಇಳಿದು, ಸುದ್ದಿ ಹೇಳುವ ಸಂತೋಷ ಹತ್ತಿತ್ತು. ಮೇಷ್ಟ್ರು ಓಣಿಗೆ ಬಂದಾಗ ಜನ ಬಾಗಿಲಲ್ಲಿ ನಿಂತು ಕೈ ಮುಗಿದರು. ಒಕುಮುರಾ ಅಜ್ಜಿ ಮೂಲಂಗಿ ಕೆಳಗಿಟ್ಟು ಸೊಂಟಕ್ಕೆ ಕಟ್ಟಿದ ಬಟ್ಟೆಯನ್ನೇ ಸೆರಗಿನ ಹಾಗೆ ಕಣ್ಣಿಗೆ ಒತ್ತಿಕೊಂಡಳು.

ಮಹಡಿಯಲ್ಲಿ ಮಿಸಾವೊ ದೀಪ ಹಚ್ಚದೆ ಕೂತಿದ್ದಳು.

"ಬಿಟ್ಟು ಹೋಗೋದಿದ್ರೆ ಮನೇಲೇ ಹೇಳಬಹುದಿತ್ತಲ್ರೀ. ಊರ ಮುಂದೆ ಹಾಡಿಸಿ ಹೇಳಬೇಕಾಗಿತ್ತಾ?"

ಮೇಷ್ಟ್ರು ಮುದುರಿಟ್ಟುಕೊಂಡಿದ್ದ ಎಡತೋಳನ್ನು ಬಿಚ್ಚಿ ಅವಳ ಮಡಿಲಿಗೆ ಹಾಕಿದರು. ಅವಳು ಅದನ್ನು ಕಿಟಕಿಯ ಬೆಳಕಿಗೆ ಹಿಡಿದಳು, ಮೂಸಿದಳು, ಬೆರಳಲ್ಲಿ ತಿಕ್ಕಿದಳು.

"ಮಸಿ," ಎಂದಳು.

"ಮಸಿ," ಎಂದರು ಮೇಷ್ಟ್ರು. ಇಡೀ ದಿನದಲ್ಲಿ ಆ ಪದವನ್ನು ಸರಿಯಾಗಿ ಓದಿದವಳು ಅವಳೊಬ್ಬಳೇ. ಮೇಷ್ಟ್ರಿಗೆ ಅಳು ಬಂತು, ಅವಳಿಗೆ ನಗು ಬಂತು. ಸ್ವಲ್ಪ ಹೊತ್ತು ಅದು ಇದಾಗಿ ಇದು ಅದಾಗಿ ಇಬ್ಬರೂ ಸುಸ್ತಾದರು. ಆಮೇಲೆ ಅವರು ನಡೆದದ್ದನ್ನೆಲ್ಲ ಹೇಳಿದರು.

"ಬೆಳಗಾಗ್ತಿದ್ದ ಹಾಗೆ ಗುರುಗಳ ಮನೆಗೆ ಹೋಗಿ," ಎಂದಳು ಮಿಸಾವೊ. "ಈ ತೋಳು ತೋರ್ಸಿ. ನಿದ್ದೆ ಬಂತು, ಮಸಿಗೆ ಬಿತ್ತು, ಭಯಕ್ಕೆ ಬರೆದೆ ಅನ್ನಿ. ಬಾಯಲ್ಲಿ ಬಾಗಿಲಿಗೆ ಬಿಡಲ್ಲ ಅಂತಾರೆ, ಇಪ್ಪತ್ತು ವರ್ಷದ ಶಿಷ್ಯನ್ನ ಬಿಡ್ತಾರಾ? ಕಣ್ಣಾರೆ ನೋಡಿದ್ರೆ ನಕ್ಕುಬಿಡ್ತಾರೆ. ನಕ್ಕ ಮನುಷ್ಯ ಹುದ್ದೆ ಕೊಡದೆ ಇರಲ್ಲ."

"ನಗೆಪಾಟಲಾಗ್ತೀನಲ್ಲೇ."

"ಆಗಿ. ಬೋಳಾಗೋದಕ್ಕಿಂತ ವಾಸಿ."

ಮೇಷ್ಟ್ರಿಗೆ ಹೋದ ಜೀವ ಬಂತು. ಹೌದಲ್ಲ, ಮಾತನ್ನು ಯಾರು ಹೇಗೆ ಬೇಕಾದರೂ ಅರ್ಥಮಾಡಬಹುದು, ಮೊಳದುದ್ದದ ಮಸಿಯನ್ನು ಏನೆಂದು ಅರ್ಥಮಾಡುತ್ತಾರೆ? ಅವರು ನಿಲುವಂಗಿಯನ್ನು ಕಳಚಿ ಜೋಪಾನವಾಗಿ ಮೆಟ್ಟಿಲ ಕಟ್ಟೆಯ ಮೇಲೆ ಗಾಳಿಗೆ ಹಾಕಿ ಸ್ನಾನಕ್ಕೆ ಹೋದರು. ಬಿಸಿ ನೀರಿನ ತೊಟ್ಟಿಯಲ್ಲಿ ಕತ್ತಿನವರೆಗೆ ಮುಳುಗಿ ನಾಳೆಯ ಮಾತುಗಳನ್ನು ಅಭ್ಯಾಸ ಮಾಡಿದರು. ಹಬೆಯಲ್ಲಿ ಗುರುಗಳು ನಕ್ಕೂ ನಕ್ಕೂ ಕಣ್ಣೊರೆಸಿಕೊಳ್ಳುತ್ತಿದ್ದರು, ಹಟಾನಾಕಾ ತೊರೆಗೆ ಬಿದ್ದು ತೇಲಿಹೋಗುತ್ತಿದ್ದ.

ಸ್ನಾನ ಮುಗಿಸಿ ಬಂದಾಗ ಕಟ್ಟೆಯ ಮೇಲೆ ನಿಲುವಂಗಿ ಇರಲಿಲ್ಲ. ಕಿಟಕಿಯಿಂದ ಬಗ್ಗಿ ನೋಡಿದರು. ಕೆಳಗೆ ಹಿತ್ತಲಲ್ಲಿ, ಒಣಗಲು ನೇತುಹಾಕಿದ ಮೂಲಂಗಿಗಳ ಸಾಲಿನ ನಡುವೆ, ಅದು ಬಿದಿರ ಗಳುವಿನ ಮೇಲೆ ಎರಡೂ ತೋಳು ಚಾಚಿ ನಿಂತಿತ್ತು. ಆಗತಾನೆ ಹುಟ್ಟಿದ ಚಂದ್ರನ ಬೆಳಕಿನಲ್ಲಿ ಎರಡೂ ತೋಳು ಸುಲಿದ ಮೂಲಂಗಿಯ ಹಾಗೆ ಬೆಳ್ಳಗಿದ್ದವು. ಒಂದು ಚುಕ್ಕೆ ಇರಲಿಲ್ಲ.

ಒಕುಮುರಾ ಅಜ್ಜಿ ಕೈ ಒರೆಸಿಕೊಳ್ಳುತ್ತ ತಲೆಯೆತ್ತಿದಳು.

"ಅನ್ನದ ಅಗುಳು ಹಚ್ಚಿ ತಿಕ್ಕಿದೆ ಕಣಪ್ಪ. ಮಸಿಗೆ ಅದೇ ಮದ್ದು. ಸನ್ಯಾಸಕ್ಕೆ ಹೋಗೋನು ಬಾಡಿಗೆ ಬಟ್ಟೆಯ ಋಣ ಇಟ್ಕೊಂಡು ಹೋಗಬಾರದು ಅಂತ."

ಮೇಷ್ಟ್ರು ಕಿಟಕಿಯಿಂದ ಇನ್ನಷ್ಟು ಬಗ್ಗಿ ಎಡತೋಳಿನಲ್ಲಿ ಮಸಿ ಹುಡುಕಿದರು.

"ಅಲ್ಲಪ್ಪ, ಹಸಿ ಇದ್ದಾಗಲೇ ನೀರಿಗೆ ಹಿಡಿದಿದ್ರೆ ಅಷ್ಟಕ್ಕೇ ಮುಕ್ಕಾಲು ಹೋಗ್ತಿತ್ತು," ಎಂದಳು ಅಜ್ಜಿ. "ಅಲ್ಲೆಲ್ಲೂ ನೀರಿರಲಿಲ್ವಾ?"

ಮೇಷ್ಟ್ರು ಗೋಡೆಗೊರಗಿ ಕೂತರು. ಮಿಸಾವೊ ಬಂದು ಪಕ್ಕದಲ್ಲಿ ಕೂತು ಅವರ ಕೈ ಹಿಡಿದುಕೊಂಡಳು. ಅವಳ ಕೈ ತಣ್ಣಗಿತ್ತು, ಒದ್ದೆಯಾಗಿತ್ತು, ಸಣ್ಣಗೆ ಮೂಲಂಗಿಯ ವಾಸನೆ ಹೊಡೆಯುತ್ತಿತ್ತು. ಆಗ ಕನಸಿನ ಪದ್ಯ, ಕರೆಯದೆ, ಹಿಂದಿರುಗಿ ಬಂತು. ಮೇಷ್ಟ್ರು ಅದು ಮತ್ತೆ ಓಡಿಹೋದೀತೆಂದು ಪಿಸುಮಾತಿನಲ್ಲಿ ಹೇಳಿದರು.

"ಸಾವಿರ ವರುಷ
ಓದಿದ ಹೊಳೆ ಈಗ
ಹರಿಯುತಿದೆ
ಮೂಲಂಗಿ ತೊಳೆವ ನಿನ್ನ
ಬೆರಳ ಸಂದಿಯಲ್ಲಿ."

ಮಿಸಾವೊ ಅವರ ಕೈಯನ್ನು ಮಡಿಲಿಗೆಳೆದುಕೊಂಡಳು. ಆಮೇಲೆ ಸೋರುವ ಮೂಗು ಒರೆಸಿಕೊಂಡು ಕೇಳಿದಳು.

"ಇದನ್ನೇ ಅಲ್ಲಿ ಬರೆದಿದ್ರೆ ಏನಾಗ್ತಿತ್ತು ರೀ?"

ಅಷ್ಟರಲ್ಲಿ ಮೆಟ್ಟಿಲ ಮೇಲೆ ಹೆಜ್ಜೆಯ ಸದ್ದಾಯಿತು. ನಿಶಿಗಾಕಿ ಬಾಗಿಲಲ್ಲಿ ನಿಂತಿದ್ದ. ಒಗೆದ ಬಿಳಿ ಕೋಟು ಹಾಕಿಕೊಂಡು, ಕ್ಷೌರದ ಪೆಟ್ಟಿಗೆಯನ್ನು ಎದೆಗವಚಿಕೊಂಡು, ಮದುವೆ ಮನೆಗೆ ಬಂದವನಂತಿದ್ದ. ಅವನು ಮೇಷ್ಟ್ರ ಒದ್ದೆ ತಲೆಯನ್ನು ಕಣ್ತುಂಬ ನೋಡಿದ.

"ಕೂದಲು ನೆನೆಸಿ ಇಟ್ಟಿದೀರಿ, ಒಳ್ಳೇದಾಯ್ತು. ಗುರುಗಳೂ ಸ್ವಾಮಿಗಳೂ ಕೆಳಗೆ ಬಂದು ಕೂತಿದಾರೆ," ಎಂದ.